ವಿಳಾಸ ನಿಮ್ಮದು, ವ್ಯವಹಾರ ಯಾರದೋ

ಒಂದು ಕೋಟಿ ರೂಪಾಯಿಯ ಪೆಟ್ರೋಲ್ ಕಾರನ್ನು ಕರ್ನಾಟಕದಲ್ಲಿ ನೋಂದಾಯಿಸಿದರೆ ಆಜೀವ ತೆರಿಗೆ ಶೇ 18ರ ಲೆಕ್ಕದಲ್ಲಿ ಬರುತ್ತದೆ, ಅದರ ಮೇಲೆ ಸೆಸ್ ಬೇರೆ. ಅದೇ ಕಾರಿಗೆ ಪುದುಚೇರಿಯಲ್ಲಿ ಕಟ್ಟಬೇಕಾದದ್ದು ಇದರ ಸಣ್ಣದೊಂದು ಪಾಲು. ಆದರೆ ಅಲ್ಲಿ ನೋಂದಾಯಿಸಲು ಮಾಲೀಕನಿಗೆ ಅಲ್ಲೊಂದು ಮನೆಯೋ ವ್ಯವಹಾರದ ಜಾಗವೋ ಇರಬೇಕು. ಇಲ್ಲದಿದ್ದರೆ? ಒಂದು ವಿಳಾಸವನ್ನು ‘ಹೊಂದಿಸಿಕೊಂಡರಾಯಿತು’ ಎಂದುಕೊಂಡವರು ಕಡಿಮೆಯೇನಿಲ್ಲ.

2017ರಲ್ಲಿ ಈ ಕಸರತ್ತು ಕೇರಳದಲ್ಲಿ ದೊಡ್ಡ ಸುದ್ದಿಯಾಯಿತು. ಮಲಯಾಳಂ ಚಿತ್ರರಂಗದ ಹೆಸರಾಂತ ಕಲಾವಿದರ ಐಷಾರಾಮಿ ಕಾರುಗಳು ಪುದುಚೇರಿ ನೋಂದಣಿಯಲ್ಲಿ ಓಡಾಡುತ್ತಿದ್ದವು. ಪತ್ರಕರ್ತರು ದಾಖಲೆಯಲ್ಲಿದ್ದ ವಿಳಾಸ ಹಿಡಿದು ಹೋದರೆ, ಅಲ್ಲಿ ವಾಸವಿದ್ದವರಿಗೆ ಕಾರಿನ ಸುಳಿವೂ ಇರಲಿಲ್ಲ, ಮಾಲೀಕರ ಪರಿಚಯವೂ ಇರಲಿಲ್ಲ. ಒಬ್ಬ ನಟ ಕೇರಳದ ತೆರಿಗೆ ಕಟ್ಟಿದರು. ಇನ್ನೊಬ್ಬರ ಮೇಲೆ ದೋಷಾರೋಪ ಪಟ್ಟಿ ಸಲ್ಲಿಕೆಯಾಯಿತು. ನಟಿಯೊಬ್ಬರ ಪ್ರಕರಣದ ತಿರುವು ಕನ್ನಡಿಗರಿಗೆ ಸ್ವಾರಸ್ಯದ್ದು: ಕಾರು ಕೊಂಡದ್ದು ಬೆಂಗಳೂರಿನಲ್ಲಿ, ನೋಂದಣಿ ಪುದುಚೇರಿಯಲ್ಲಿ. ಹಾಗಾಗಿ ಕೇರಳಕ್ಕೆ ತೆರಿಗೆ ನಷ್ಟವಾಗಿಲ್ಲ ಎಂದು ಅಲ್ಲಿನ ಪೊಲೀಸರು ಹೇಳಿದರು. ಸುಳ್ಳು ವಿಳಾಸದ ಪ್ರಶ್ನೆ ಎದ್ದರೂ, ನಷ್ಟ ಯಾವ ರಾಜ್ಯದ್ದು ಎಂಬಲ್ಲಿಗೆ ವಿಚಾರ ಬಂದು ನಿಂತಿತು.

ಮೋಟಾರು ವಾಹನ ಕಾಯ್ದೆಯ 40ನೇ ಸೆಕ್ಷನ್ ಪ್ರಕಾರ, ಮಾಲೀಕನ ವಾಸ ಅಥವಾ ವ್ಯವಹಾರ ಎಲ್ಲಿದ್ದು ವಾಹನ ಸಾಮಾನ್ಯವಾಗಿ ಎಲ್ಲಿ ನಿಲ್ಲುತ್ತದೋ ಆ ರಾಜ್ಯದಲ್ಲೇ ನೋಂದಣಿಯಾಗಬೇಕು. ಬೇರೆ ರಾಜ್ಯದ ವಾಹನ ಇಲ್ಲಿ 12 ತಿಂಗಳು ಮೀರಿ ಉಳಿದರೆ ಇಲ್ಲಿಯ ನಂಬರ್ ಪಡೆಯಬೇಕು. ಸುಳ್ಳು ದಾಖಲೆ ಕೊಟ್ಟು ಪಡೆದ ನೋಂದಣಿಯನ್ನು 55ನೇ ಸೆಕ್ಷನ್ ಅಡಿ ರದ್ದು ಮಾಡಬಹುದು. 2019ರ ತಿದ್ದುಪಡಿ ಇದಕ್ಕೆ ಹಲ್ಲು ಕೊಟ್ಟಿತು: ಆರು ತಿಂಗಳಿಂದ ಒಂದು ವರ್ಷದವರೆಗೆ ಜೈಲು, ಜೊತೆಗೆ ವಾರ್ಷಿಕ ತೆರಿಗೆಯ ಹತ್ತು ಪಟ್ಟು ಅಥವಾ ಆಜೀವ ತೆರಿಗೆಯ ಮೂರನೇ ಎರಡರಷ್ಟು ದಂಡ. ವಿಳಾಸಕ್ಕಾಗಿ ಖೊಟ್ಟಿ ಬಾಡಿಗೆ ಕರಾರು ಸೃಷ್ಟಿಸಿದ್ದರೆ ಭಾರತೀಯ ನ್ಯಾಯ ಸಂಹಿತೆಯೂ ಬೆನ್ನು ಹತ್ತುತ್ತದೆ. ಜನರ ಬಾಯಲ್ಲಿ ಇನ್ನೂ ‘ಫೋರ್ ಟ್ವೆಂಟಿ’ ಎಂದೇ ಉಳಿದಿರುವ ವಂಚನೆಗೆ 2024ರ ಜುಲೈ 1ರಿಂದ 318ನೇ ಸೆಕ್ಷನ್. ಖೊಟ್ಟಿ ದಾಖಲೆ ಸೃಷ್ಟಿಗೆ 336, ಅದನ್ನು ಅಸಲಿಯೆಂದು ಬಳಸಿದ್ದಕ್ಕೆ 340.

ಹಾಗೆಂದು ಹಳೆಯ ವಿಳಾಸವೆಲ್ಲ ಅಪರಾಧವಲ್ಲ. ಬಾಡಿಗೆ ಮನೆ ಬದಲಿಸಿದ ಮೇಲೂ ಆರ್‌ಸಿಯಲ್ಲಿ ಹಿಂದಿನ ಮನೆಯೇ ಉಳಿದಿದ್ದರೆ ಅದು ಉದಾಸೀನ, ಮೋಸವಲ್ಲ. ಹೊಸ ವಿಳಾಸವನ್ನು 30 ದಿನದೊಳಗೆ ತಿಳಿಸಬೇಕು, ತಡವಾದರೆ ದಂಡ ಕಟ್ಟಿ ಸರಿಪಡಿಸಿಕೊಳ್ಳಬಹುದು.

ಕಾರಿನವರ ಸುದ್ದಿಗೆ ಮುಖಪುಟ ಸಿಗುತ್ತದೆ. ತಮ್ಮ ವಿಳಾಸ ಇನ್ನೊಬ್ಬರ ಕಾಗದದಲ್ಲಿ ಸೇರಿಕೊಂಡವರ ಗೋಳು ಯಾರಿಗೂ ಬೇಡ. ಜಿಎಸ್‌ಟಿ ವಂಚನೆಯಲ್ಲಿ ಇದು ತೀರಾ ಸಾಮಾನ್ಯ. ಯಾರದೋ ವಿದ್ಯುತ್ ಬಿಲ್ಲಿನ ಜೆರಾಕ್ಸ್, ಮಾಲೀಕರ ಹೆಸರಿನಲ್ಲೊಂದು ಒಪ್ಪಿಗೆ ಪತ್ರ, ಇಷ್ಟು ಸಿಕ್ಕರೆ ಕಾಗದದ ಮೇಲೊಂದು ಕಂಪನಿ ಸಿದ್ಧ. ಸರಕಿಲ್ಲದ ಬಿಲ್ ಹರಿದು, ಹೂಡುವಳಿ ತೆರಿಗೆ ಜಮೆ (ಇನ್‌ಪುಟ್ ಟ್ಯಾಕ್ಸ್ ಕ್ರೆಡಿಟ್) ನುಂಗಿ, ಆ ಕಂಪನಿ ಮಾಯವಾಗುತ್ತದೆ. 2023ರ ಮೇ 16ರಿಂದ ಎರಡು ತಿಂಗಳು ಕೇಂದ್ರ ಮತ್ತು ರಾಜ್ಯಗಳ ತೆರಿಗೆ ಇಲಾಖೆಗಳು ನಕಲಿ ನೋಂದಣಿಗಳ ಬೇಟೆಗೆಂದೇ ವಿಶೇಷ ಕಾರ್ಯಾಚರಣೆ ನಡೆಸಬೇಕಾಯಿತು. ನೋಟಿಸ್ ಮಾತ್ರ ವಿಳಾಸದ ಬಾಗಿಲಿಗೇ ಬರುತ್ತದೆ.

ಅಪರಿಚಿತರ ಹೆಸರಿನ ಅಂಚೆ ಪದೇ ಪದೇ ಬರುತ್ತಿದ್ದರೆ ಅದನ್ನು ‘ಯಾರದೋ ಇರಬೇಕು’ ಎಂದು ಮೂಲೆಗೆ ಎಸೆಯುವುದು ಅಪಾಯ. ಲಕೋಟೆ ಒಡೆಯದೆ ಫೋಟೊ ತೆಗೆದು, ‘ಈ ವಿಳಾಸದಲ್ಲಿ ಇಂಥವರಿಲ್ಲ’ ಎಂದು ಬರೆಸಿ ಅಂಚೆಯವರ ಕೈಯಲ್ಲೇ ಹಿಂದಿರುಗಿಸಬಹುದು. ಕಳುಹಿಸಿದ ಕಚೇರಿಗೆ, ಅದು ಆರ್‌ಟಿಒ ಇರಲಿ, ಬ್ಯಾಂಕ್ ಇರಲಿ, ತೆರಿಗೆ ಕಚೇರಿ ಇರಲಿ, ತೆರಿಗೆ ರಸೀದಿ ಅಥವಾ ಬಾಡಿಗೆ ಕರಾರಿನ ಪ್ರತಿಯೊಂದಿಗೆ ಲಿಖಿತ ದೂರು ಕೊಟ್ಟು ಸ್ವೀಕೃತಿ ಪಡೆಯಬೇಕು. ಬಾಯಿಮಾತಿನ ದೂರಿಗೆ ಮುಂದೆ ಸಾಕ್ಷಿ ಇರುವುದಿಲ್ಲ. ತಮ್ಮ ಪ್ಯಾನ್ ಮೇಲೆ ಯಾರಾದರೂ ಜಿಎಸ್‌ಟಿ ನೋಂದಣಿ ಮಾಡಿಸಿದ್ದಾರೆಯೇ ಎಂದು ಜಿಎಸ್‌ಟಿ ಪೋರ್ಟಲ್‌ನಲ್ಲಿ ಪ್ಯಾನ್ ಸಂಖ್ಯೆ ಹಾಕಿ ಯಾರು ಬೇಕಾದರೂ ನೋಡಬಹುದು. ಜೆರಾಕ್ಸ್ ಕೊಡುವಾಗ ಅದರ ಮೇಲೆ ಅಡ್ಡಲಾಗಿ ಉದ್ದೇಶ ಮತ್ತು ತಾರೀಕು ಬರೆಯುವುದು ಹಳೆಯ ಉಪಾಯ, ಈಗಲೂ ಕೆಲಸಕ್ಕೆ ಬರುತ್ತದೆ.

ಮತದಾರರ ಪಟ್ಟಿಯ ಕತೆ ಸ್ವಲ್ಪ ಬೇರೆ. 2025ರ ಆಗಸ್ಟ್‌ನಲ್ಲಿ ಬೆಂಗಳೂರಿನ ಮಹದೇವಪುರದ ಒಂದೇ ಕೋಣೆಯ ವಿಳಾಸದಲ್ಲಿ 80 ಮತದಾರರಿದ್ದಾರೆ ಎಂದು ರಾಹುಲ್ ಗಾಂಧಿ ಆರೋಪಿಸಿದಾಗ ದೇಶವೆಲ್ಲ ಮನೆ ಸಂಖ್ಯೆಗಳತ್ತ ನೋಡಿತು. ದುಡಿಯಲು ಬಂದವರು ಕೋಣೆ ಖಾಲಿ ಮಾಡಿ ಹೋದರೂ ಪಟ್ಟಿಯಲ್ಲಿ ಹೆಸರು ಉಳಿಯುವುದುಂಟು. ಪ್ರತಿ ಅಸಹಜ ಸಾಲಿನ ಹಿಂದೆಯೂ ಸಂಚು ಹುಡುಕುವುದು ಆತುರವಾದೀತು. ಆದರೆ ತಿಳಿದೂ ಸುಳ್ಳು ಘೋಷಣೆ ಕೊಟ್ಟರೆ 1950ರ ಜನಪ್ರತಿನಿಧಿ ಕಾಯ್ದೆಯ 31ನೇ ಸೆಕ್ಷನ್ ಅಡಿ ಒಂದು ವರ್ಷದವರೆಗೆ ಜೈಲು, ದಂಡ ಅಥವಾ ಎರಡೂ. ಊರಲ್ಲಿ ಮನೆಯಿದೆ ಎಂಬ ಒಂದೇ ಕಾರಣಕ್ಕೆ ಅಲ್ಲಿನ ‘ಸಾಮಾನ್ಯ ನಿವಾಸಿ’ ಎನಿಸುವುದಿಲ್ಲ ಎಂದೂ ಅದೇ ಕಾಯ್ದೆ ಹೇಳುತ್ತದೆ. ಊರಿನಲ್ಲೂ ಬೆಂಗಳೂರಿನಲ್ಲೂ ಹೆಸರು ಇಟ್ಟುಕೊಂಡವರು ಇದನ್ನು ಓದಿಕೊಳ್ಳುವುದು ಒಳ್ಳೆಯದು. ತಮ್ಮ ಮನೆ ಸಂಖ್ಯೆಯಲ್ಲಿ ಅಪರಿಚಿತ ಹೆಸರು ಕಂಡರೆ ಆ ಕ್ಷೇತ್ರದ ಮತದಾರರು ನಮೂನೆ 7ರಲ್ಲಿ ಆಕ್ಷೇಪ ಸಲ್ಲಿಸಬಹುದು. ಅದರಲ್ಲೂ ಸುಳ್ಳು ಬರೆದರೆ ಅದೇ 31ನೇ ಸೆಕ್ಷನ್ ಕಾದಿರುತ್ತದೆ.

ವಿಷಯ ಪೊಲೀಸ್ ಠಾಣೆಗೆ ಹೋಗಬೇಕಾಗಿ ಬಂದರೆ, ಘಟನೆ ಯಾವ ಠಾಣೆಯ ವ್ಯಾಪ್ತಿಯದು ಎಂಬ ನೆಪಕ್ಕೆ ಈಗ ಜಾಗವಿಲ್ಲ. ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 173ನೇ ಸೆಕ್ಷನ್ ಪ್ರಕಾರ ಯಾವ ಠಾಣೆಯಲ್ಲಾದರೂ ಮಾಹಿತಿ ಕೊಡಬಹುದು. ಇ-ಮೇಲ್‌ನಂಥ ವಿದ್ಯುನ್ಮಾನ ಮಾರ್ಗದಲ್ಲಿ ಕೊಟ್ಟರೆ ಮೂರು ದಿನದೊಳಗೆ ಹೋಗಿ ಸಹಿ ಹಾಕಬೇಕು. ಠಾಣೆಯವರು ದಾಖಲಿಸದಿದ್ದರೆ ಪೊಲೀಸ್ ವರಿಷ್ಠಾಧಿಕಾರಿಗೆ ಅಂಚೆಯಲ್ಲಿ ಬರೆಯಬಹುದು, ಅಲ್ಲೂ ಆಗದಿದ್ದರೆ ಮ್ಯಾಜಿಸ್ಟ್ರೇಟರಿಗೆ ಅರ್ಜಿ. ವಕೀಲರ ಶುಲ್ಕದ ಚಿಂತೆಯಿರುವ ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಕಡಿಮೆ ಆದಾಯದವರು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಿಂದ ಉಚಿತ ನೆರವು ಪಡೆಯಬಹುದು. ಸಹಾಯವಾಣಿ ಸಂಖ್ಯೆ 15100.