ಕೂಡದ ಮೂಳೆ ಮತ್ತು ರೋಗನಿದಾನದ ಸಂಕೇತ

ಮುರಿದ ಮೂಳೆಯನ್ನು ಕೂಡಿಸುವುದು ದೇಹವೇ. ಮುರಿದ ತುದಿಗಳನ್ನು ಸರಿಯಾಗಿ ಹೊಂದಿಸಿ, ಅವು ಅಲುಗಾಡದಂತೆ ಕಾಪಾಡುವುದು ವೈದ್ಯನ ಕೆಲಸ. ಮುಂಗೈಯ ರೇಡಿಯಸ್ ಮತ್ತು ಅಲ್ನಾ ಮೂಳೆಗಳು ಮಕ್ಕಳಲ್ಲಿ ಸುಮಾರು 6ರಿಂದ 8 ವಾರಗಳಲ್ಲಿಯೂ, ವಯಸ್ಕರಲ್ಲಿ ಸುಮಾರು 3ರಿಂದ 4 ತಿಂಗಳುಗಳಲ್ಲಿಯೂ ಸಾಮಾನ್ಯವಾಗಿ ಕೂಡಿಕೊಳ್ಳುತ್ತವೆ. ಆದರೆ ಕೆಲವರಲ್ಲಿ ಹಾಗಾಗುವುದಿಲ್ಲ.

ಮೂಳೆ ಏಕೆ ಕೂಡುವುದಿಲ್ಲ?

ಮುರಿದ ಜಾಗ ಅಲುಗಾಡುತ್ತಿರುವುದು, ತುದಿಗಳ ನಡುವೆ ಅಂತರ ಉಳಿಯುವುದು, ರಕ್ತದ ಪೂರೈಕೆ ಕುಂದುವುದು, ಗಾಯದಲ್ಲಿ ಕೀವಾಗುವುದು ಇದಕ್ಕೆ ಮುಖ್ಯ ಕಾರಣಗಳು. ಧೂಮಪಾನ, ಸಕ್ಕರೆ ಕಾಯಿಲೆ ಮತ್ತು ಪೌಷ್ಟಿಕ ಆಹಾರದ ಕೊರತೆಯೂ ಅಡ್ಡಿಯಾಗುತ್ತವೆ. ನೋವು ಕಡಿಮೆಯಾಯಿತೆಂದು ಅವಧಿಗೆ ಮೊದಲೇ ಪಟ್ಟಿ ಬಿಚ್ಚುವುದು, ಎಣ್ಣೆ ಹಾಕಿ ತಿಕ್ಕಿಸುವುದು ಹಾನಿಕರ.

ಒಂದು ಉದಾಹರಣೆ

ಆರು ವರ್ಷದ ಬಾಲಕನೊಬ್ಬ ಹುಣಸೆ ಮರದಿಂದ ಬಿದ್ದು, ಹ್ಯೂಮರಸ್ ಮೂಳೆಯ ಕೆಳತುದಿಯ ಹೊರಬದಿಯ ಗಂಟನ್ನು ಮುರಿದುಕೊಂಡನೆಂದು ಭಾವಿಸೋಣ. ಮಕ್ಕಳ ಮೊಣಕೈಯಲ್ಲಿ ಕೂಡದೆ ಉಳಿಯುವ ಸಂಭವ ಹೆಚ್ಚಾಗಿರುವುದು ಈ ಮುರಿತವೇ. ಊತ ಇಳಿಯಿತು, ಮನೆಯವರು ಮತ್ತೆ ಆಸ್ಪತ್ರೆಗೆ ಬರಲಿಲ್ಲ. ಹೊರರೋಗಿ ಚೀಟಿಯಲ್ಲಿ ಇದ್ದುದು "ಕೈಗೆ ಪೆಟ್ಟು" ಎಂಬ ಎರಡೇ ಮಾತು. ಹುಡುಗ ಬೆಳೆದಂತೆ ಮುಂಗೈ ಹೊರಕ್ಕೆ ವಾಲಿತು. ಮೊಣಕೈಯ ಒಳಬದಿಯಲ್ಲಿ ಹಾಯುವ ಅಲ್ನಾರ್ ನರ ವರ್ಷಗಟ್ಟಲೆ ಎಳೆತಕ್ಕೆ ಸಿಕ್ಕಿತು. ಇಪ್ಪತ್ತೈದರ ಪ್ರಾಯದಲ್ಲಿ ಅವನ ಕಿರುಬೆರಳು, ಉಂಗುರದ ಬೆರಳುಗಳು ಜೋಮುಗಟ್ಟಿ, ಕುಡುಗೋಲಿನ ಹಿಡಿತವೂ ಸಡಿಲವಾಯಿತು. ಸಕಾಲದಲ್ಲಿ ಒಂದು ಎಕ್ಸ್‌ರೇ ತೆಗೆಸಿದ್ದರೆ ಈ ಸ್ಥಿತಿಯನ್ನು ತಪ್ಪಿಸಬಹುದಾಗಿತ್ತು.

ಸಂಕೇತದ ಅರ್ಥ

ಪ್ರತಿಯೊಂದು ರೋಗಕ್ಕೂ ಒಂದು ಸಂಕೇತವನ್ನು ಗೊತ್ತುಪಡಿಸುವ ಅಂತರರಾಷ್ಟ್ರೀಯ ರೋಗ ವರ್ಗೀಕರಣವನ್ನು ವಿಶ್ವ ಆರೋಗ್ಯ ಸಂಸ್ಥೆಯು ಪ್ರಕಟಿಸುತ್ತದೆ. ಇಲ್ಲಿ ಕೊಟ್ಟಿರುವುದು 1990ರಲ್ಲಿ ಅಂಗೀಕೃತವಾದ ಹತ್ತನೆಯ ಪರಿಷ್ಕರಣೆಯ ಸಂಕೇತಗಳು. ಹನ್ನೊಂದನೆಯದು 2022ರ ಜನವರಿ 1ರಿಂದ ಜಾರಿಗೆ ಬಂದಿದ್ದು, ಅದರ ಸಂಕೇತಗಳ ರೂಪ ಬೇರೆಯಾಗಿದೆ.

1. ಹೊಸ ಮುರಿತ: ಹ್ಯೂಮರಸ್ಸಿನ ಕೆಳತುದಿಗೆ ಎಸ್ 42.4, ಮುಂಗೈಯ ಮೂಳೆಗಳಿಗೆ ಎಸ್ 52.
2. ಸೊಟ್ಟಾಗಿ ಕೂಡಿದ ಮೂಳೆ: ಎಂ 84.0.
3. ಕೂಡದೆ ಉಳಿದ ಮೂಳೆ: ಎಂ 84.1.
4. ತಡವಾಗಿ ಕೂಡುತ್ತಿರುವ ಮೂಳೆ: ಎಂ 84.2.

ಎಂ 84ರ ಸಂಕೇತಗಳ ಕೊನೆಗೆ ಜಾಗವನ್ನು ಸೂಚಿಸುವ ಅಂಕಿಯನ್ನು ಸೇರಿಸಬಹುದು: ಮೊಣಕೈ ಕೀಲು ಸೇರಿದಂತೆ ಮೇಲ್ತೋಳಿಗೆ 2, ಮುಂಗೈಗೆ 3. ಮೇಲಿನ ಯುವಕನ ಚೀಟಿಯಲ್ಲಿ ಎಸ್ 42.4 ಎಂದು ಬರೆದರೆ ಅದು ಇಂದಿನ ಪೆಟ್ಟೆಂದು ಅರ್ಥವಾಗುತ್ತದೆ. ಅವನಿಗೆ ಸಲ್ಲುವುದು ಎಂ 84.12, ನರದ ತೊಂದರೆಗೆ ಜಿ 56.2. ಹಳೆಯ ಮುರಿತದ ಪರಿಣಾಮವೆಂದು ತೋರಿಸಲು ಟಿ 92.1 ಅನ್ನು ಜೊತೆಗೆ ಬರೆಯಬಹುದು. ಆಗ ಮುಂದಿನ ವೈದ್ಯನಿಗೆ ಇಡೀ ಚರಿತ್ರೆ ಒಂದೇ ನೋಟಕ್ಕೆ ತಿಳಿಯುತ್ತದೆ.

ಈ ಸಂಕೇತಗಳಲ್ಲಿ ಎಡ–ಬಲ ಭೇದವಿಲ್ಲ. ಆದುದರಿಂದ ಯಾವ ಕೈ, ಯಾವ ಮೂಳೆ, ಚರ್ಮ ಹರಿದಿತ್ತೇ, ಪೆಟ್ಟು ಬಿದ್ದ ದಿನ ಯಾವುದು ಎಂಬುದನ್ನು ಮಾತಿನಲ್ಲಿಯೇ ಬರೆಯತಕ್ಕದ್ದು. ಮಾತಿನ ನಿದಾನ ಅಸ್ಪಷ್ಟವಾಗಿದ್ದರೆ ಸಂಕೇತವೂ ತಪ್ಪುತ್ತದೆ.

ಮನೆಯವರು ನೆನಪಿಡಬೇಕಾದುದು

ಪಟ್ಟಿ ಹಾಕಿದ ಮೇಲೆ ಬೆರಳುಗಳು ಬಿಳಿಚಿದರೆ, ನೀಲಿಗಟ್ಟಿದರೆ, ಮರಗಟ್ಟಿದರೆ ಅಥವಾ ನೋವು ವಿಪರೀತವಾದರೆ ತಡಮಾಡದೆ ಆಸ್ಪತ್ರೆಗೆ ಧಾವಿಸಿರಿ. ಹೇಳಿದ ದಿನದಂದು ತಪ್ಪದೆ ಮರುಪರೀಕ್ಷೆಗೆ ಬನ್ನಿರಿ. ಅವಧಿ ಮುಗಿದ ಮೇಲೂ ಮುರಿದ ಜಾಗದಲ್ಲಿ ನೋವು ಅಥವಾ ಅಲುಗಾಟವಿದ್ದರೆ ಮೂಳೆ ಕೂಡಿಲ್ಲವೆಂದು ಶಂಕಿಸಬೇಕು. ಲೋಹದ ಪಟ್ಟಿ ಬಿಗಿದು, ಬೇಕಾದಲ್ಲಿ ಸೊಂಟದ ಮೂಳೆಯ ಚೂರನ್ನು ಕಸಿಮಾಡಿ, ಅಂತಹ ಮೂಳೆಯನ್ನೂ ಕೂಡಿಸಬಹುದು.

ಚೀಟಿ ಮತ್ತು ಎಕ್ಸ್‌ರೇ ಚಿತ್ರಗಳನ್ನು ಜಮೀನಿನ ಪತ್ರಗಳಷ್ಟೇ ಜೋಪಾನವಾಗಿಡಿರಿ. ಮಗುವಿನ ಕೈ ದುಡಿಯುವ ಕೈಯಾಗಿ ಉಳಿಯುವುದು ಅವುಗಳನ್ನೂ ಅವಲಂಬಿಸಿದೆ.