ಒತ್ತುವರಿದಾರರ ವಿರುದ್ಧ ಡಿಕ್ರಿ ದೊರೆತ ಮೇಲೆ

ಒತ್ತುವರಿಯಾದ ಜಮೀನು ಅಥವಾ ನಿವೇಶನದ ಬಗ್ಗೆ ಸಿವಿಲ್ ನ್ಯಾಯಾಲಯದಲ್ಲಿ ದಾವೆ ಗೆದ್ದವರು, ಇನ್ನು ಎದುರಾಳಿ ತಾನಾಗಿಯೇ ಜಾಗ ಬಿಟ್ಟುಕೊಡುವನೆಂದು ನಂಬಿ ಸುಮ್ಮನಿರುವುದುಂಟು. ತೀರ್ಪು ಹಕ್ಕನ್ನು ನಿರ್ಣಯಿಸುತ್ತದೆ. ಸ್ವಾಧೀನವನ್ನು ದೊರಕಿಸುವುದು ಅದರ ಅಮಲ್ಜಾರಿ. ಭಾರತದ ಕಕ್ಷಿದಾರನ ಕಷ್ಟ ಮೊದಲಾಗುವುದೇ ಡಿಕ್ರಿ ದೊರೆತ ಮೇಲೆ ಎಂಬ ಅರ್ಥದ ಮಾತನ್ನು ಪ್ರಿವಿ ಕೌನ್ಸಿಲ್ 1872ರಲ್ಲಿಯೇ ಹೇಳಿತ್ತು. ಅಮಲ್ಜಾರಿ ಅರ್ಜಿಗಳನ್ನು ಆರು ತಿಂಗಳೊಳಗೆ ಇತ್ಯರ್ಥಪಡಿಸಬೇಕೆಂದೂ, ವಿಳಂಬವಾದರೆ ಕಾರಣಗಳನ್ನು ಬರೆದಿಡಬೇಕೆಂದೂ ಸರ್ವೋಚ್ಚ ನ್ಯಾಯಾಲಯವು 2021ರಲ್ಲಿ ಸೂಚಿಸಬೇಕಾಯಿತು.

ಮೊದಲು ಡಿಕ್ರಿಯಲ್ಲಿ ಏನಿದೆ ಎಂಬುದನ್ನು ಓದಿ ನೋಡಬೇಕು. ಹಕ್ಕು ತನ್ನದೆಂಬ ಘೋಷಣೆ ಮಾತ್ರವಿದ್ದು ಸ್ವಾಧೀನದ ಆದೇಶವಿಲ್ಲದಿದ್ದರೆ, ಅದರ ಬಲದಿಂದ ಯಾರನ್ನೂ ಹೊರಹಾಕಿಸಲಾಗದು. ಅಮಲ್ಜಾರಿ ನ್ಯಾಯಾಲಯವು ಡಿಕ್ರಿಯನ್ನು ಇದ್ದಂತೆಯೇ ಜಾರಿ ಮಾಡುವುದೇ ಹೊರತು ಅದಕ್ಕೆ ಹೊಸದನ್ನು ಸೇರಿಸುವುದಿಲ್ಲ. ಸರ್ವೆ ನಂಬರು, ಅಳತೆ, ನಾಲ್ಕು ದಿಕ್ಕಿನ ಚಕ್ಕುಬಂದಿ ಇವು ಸ್ಪಷ್ಟವಾಗಿರದಿದ್ದಲ್ಲಿ, ಅಮೀನನು ಸ್ಥಳಕ್ಕೆ ಬಂದಾಗ ಯಾವ ಗೆರೆಯವರೆಗೆ ತೆರವು ಮಾಡಿಸಬೇಕೆಂದು ತೋಚದೆ ಹಿಂತಿರುಗುವನು. ಈ ಒಂದು ದೋಷದಿಂದಲೇ ಗೆದ್ದ ದಾವೆಗಳು ವರ್ಷಗಟ್ಟಲೆ ನಿಂತುಹೋಗಬಲ್ಲವು.

ಅಮಲ್ಜಾರಿ ಅರ್ಜಿಯನ್ನು (ಹಳೆಯ ಮುಂಬಯಿ ಪ್ರಾಂತದ ರೂಢಿಯಲ್ಲಿ ಇದಕ್ಕೆ ದರಖಾಸ್ತು ಎಂದು ಹೆಸರು) ಡಿಕ್ರಿ ನೀಡಿದ ನ್ಯಾಯಾಲಯದಲ್ಲಿ ಸಲ್ಲಿಸಬೇಕು. ಸ್ವಾಧೀನದ ಡಿಕ್ರಿಗೆ 1963ರ ಕಾಲಮಿತಿ ಅಧಿನಿಯಮದಂತೆ 12 ವರ್ಷಗಳ ಅವಧಿಯುಂಟು. ಆದರೆ ಗೋಡೆ ಕೆಡವಬೇಕು, ಕಟ್ಟಡ ತೆಗೆಯಬೇಕು ಎಂಬಂಥ ಆಜ್ಞಾಪಕ ನಿರ್ಬಂಧಾಜ್ಞೆಯ ಡಿಕ್ರಿಗೆ ಕೇವಲ 3 ವರ್ಷ. ಈ ವ್ಯತ್ಯಾಸವನ್ನರಿಯದೆ ಗೆಲುವನ್ನೇ ಕಳೆದುಕೊಳ್ಳುವ ಅಪಾಯವಿದೆ. ಎದುರಾಳಿ ಅಪೀಲು ಮಾಡಿದ್ದಾನೆಂದು ಕಾಯುವುದೂ ಸಲ್ಲದು. ತಡೆಯಾಜ್ಞೆ ಇಲ್ಲದ ಅಪೀಲು ಅಮಲ್ಜಾರಿಯನ್ನು ನಿಲ್ಲಿಸುವುದಿಲ್ಲ. ಡಿಕ್ರಿಯಾಗಿ ಎರಡು ವರ್ಷ ಕಳೆದ ಮೇಲೆ ಅರ್ಜಿ ಸಲ್ಲಿಸಿದರೆ ಸಾಮಾನ್ಯವಾಗಿ ಎದುರಾಳಿಗೆ ಮೊದಲು ನೋಟೀಸು ಹೋಗಬೇಕಾಗಿ ಮತ್ತಷ್ಟು ಕಾಲ ಹಿಡಿಯುತ್ತದೆ.

ಸಿವಿಲ್ ಪ್ರಕ್ರಿಯಾ ಸಂಹಿತೆಯ 21ನೆಯ ಆದೇಶದ 35ನೆಯ ನಿಯಮದ ಪ್ರಕಾರ ನ್ಯಾಯಾಲಯವು ಸ್ವಾಧೀನದ ವಾರಂಟು ಹೊರಡಿಸುತ್ತದೆ. ಡಿಕ್ರಿಗೆ ಬದ್ಧನಾದವನು ತೆರವು ಮಾಡಲೊಪ್ಪದಿದ್ದರೆ ಅವನನ್ನು ಹೊರಕ್ಕೆ ಕಳುಹಿಸುವ, ಅಗತ್ಯ ಬಿದ್ದರೆ ಬೀಗ ಒಡೆಯುವ ಅಧಿಕಾರ ಅಧಿಕಾರಿಗಿದೆ. ಪೊಲೀಸ್ ನೆರವು ಬೇಕಾದರೆ ಅದನ್ನೂ ನ್ಯಾಯಾಲಯದ ಮುಂದೆಯೇ ಕೋರಬೇಕು. ಡಿಕ್ರಿ ಕೈಯಲ್ಲಿದೆಯೆಂದು ಸ್ವತಃ ಆಳುಗಳನ್ನು ಕರೆದೊಯ್ದು ಜಾಗ ಬಿಡಿಸುವುದು ಕಾನೂನು ಮೆಚ್ಚದ ದಾರಿ. ಗೆದ್ದವನೇ ಆರೋಪಿಯಾಗಿ ನಿಲ್ಲಬೇಕಾದೀತು.

ನಿಜವಾದ ಪರೀಕ್ಷೆ ಸ್ಥಳದಲ್ಲಿ ಅಡ್ಡಿ ಬಂದಾಗ. ದಾವೆಯಲ್ಲಿ ಹೆಸರೇ ಇರದ ಬಂಧುವೊಬ್ಬನು ಮುಂದೆ ಬಂದು, ಜಾಗ ತನ್ನದೆಂದು ವಾದಿಸುವುದು ಒತ್ತುವರಿದಾರರ ಹಳೆಯ ಉಪಾಯ. ಆಗ 97ನೆಯ ನಿಯಮದಡಿ, ಅಡ್ಡಿಯಾದ ದಿನದಿಂದ 30 ದಿನಗಳೊಳಗೆ ಅದೇ ನ್ಯಾಯಾಲಯಕ್ಕೆ ದೂರು ಸಲ್ಲಿಸಬೇಕು. 1976ರ ತಿದ್ದುಪಡಿಯ ತರುವಾಯ ಇಂಥ ತಕರಾರುಗಳ ಹಕ್ಕಿನ ಪ್ರಶ್ನೆಯನ್ನೂ ಅಲ್ಲಿಯೇ ತೀರ್ಮಾನಿಸಬೇಕು. ಪ್ರತ್ಯೇಕ ದಾವೆಗೆ ಅವಕಾಶವಿಲ್ಲ. ದಾವೆ ನಡೆಯುತ್ತಿರುವಾಗಲೇ ಎದುರಾಳಿಯಿಂದ ಜಾಗ ಕೊಂಡವನ ತಕರಾರಿಗೆ ಈ ರಕ್ಷಣೆ ದೊರೆಯದು. ನ್ಯಾಯವಾದ ಕಾರಣವಿಲ್ಲದೆ ಅಡ್ಡಿಪಡಿಸುತ್ತಲೇ ಇರುವವರನ್ನು 30 ದಿನಗಳವರೆಗೆ ಸಿವಿಲ್ ಬಂದೀಖಾನೆಯಲ್ಲಿಡಬಹುದು.

ಮುಂಬಯಿ, ಪುಣೆ, ದೆಹಲಿಗಳಲ್ಲಿ ನೆಲೆಸಿ ಊರಿನಲ್ಲಿ ಪಿತ್ರಾರ್ಜಿತ ಜಮೀನು ಉಳಿಸಿಕೊಂಡವರು ಪ್ರತಿ ವಾಯಿದೆಗೂ ಪ್ರಯಾಣ ಮಾಡಬೇಕೆಂದಿಲ್ಲ. ನಂಬಿಕಸ್ತರಿಗೆ ಮುಖ್ತ್ಯಾರನಾಮೆ ಕೊಟ್ಟು ಅವರ ಮೂಲಕ ಅರ್ಜಿ ನಡೆಸಬಹುದು. ಆದರೆ ಸ್ವಾಧೀನ ಕೊಡುವ ದಿನ ಗಡಿ ಬಲ್ಲವರೊಬ್ಬರು ಸ್ಥಳದಲ್ಲಿರಲೇಬೇಕು, ಮಹಜರಿನ ನಕಲನ್ನು ಜೋಪಾನವಾಗಿಡಬೇಕು, ಅಂದೇ ಬೇಲಿ ಹಾಕಿಸಬೇಕು. ಸ್ವಾಧೀನ ದಾಖಲಾದೊಡನೆ ಆ ಡಿಕ್ರಿ ಪೂರೈಸಿದಂತೆ. ಒತ್ತುವರಿದಾರನು ಮರಳಿ ನುಗ್ಗಿದರೆ ಬಹುಮಟ್ಟಿಗೆ ಹೊಸ ದಾವೆಯೇ ಬೇಕಾಗುತ್ತದೆ. ಮೊದಲಿನ ದಾವೆಯಲ್ಲಿಯೇ ಶಾಶ್ವತ ನಿರ್ಬಂಧಾಜ್ಞೆಯನ್ನೂ ಕೇಳಿ ಪಡೆದಿದ್ದರೆ ಮಾತ್ರ, ಕಾಲಮಿತಿಯ ತೊಡಕಿಲ್ಲದೆ 32ನೆಯ ನಿಯಮದಂತೆ ಅವನ ಆಸ್ತಿಯ ಜಪ್ತಿಗೋ ಬಂಧನಕ್ಕೋ ಅರ್ಜಿ ಹಾಕಲು ಬರುತ್ತದೆ.