ನುಣ್ಣನೆಯ ಮ್ಯಾಷ್ಡ್ ಪೊಟಾಟೊಗೆ ಕುಕ್ಕರಿನ ಮೂರು ಕೂಗು

ಬೇಯಿಸಿದ ಆಲೂಗಡ್ಡೆ, ಬೆಣ್ಣೆ, ಹಾಲು, ಉಪ್ಪು. ಯುರೋಪು, ಅಮೆರಿಕಗಳ ಮನೆಗಳಲ್ಲಿ ದಿನನಿತ್ಯ ಮಾಡುವ ಮ್ಯಾಷ್ಡ್ ಪೊಟಾಟೊಗೆ ಬೇಕಾದ ಸಾಮಾನು ಇಷ್ಟೇ. ನಮ್ಮ ಅಡುಗೆಮನೆಯಲ್ಲಿ ಕುಕ್ಕರ್ ಇರುವುದರಿಂದ ಬೇಯಿಸುವ ಕೆಲಸವೂ ಬೇಗ ಮುಗಿಯುತ್ತದೆ. ಆದರೆ ದೋಸೆಯ ಪಲ್ಯಕ್ಕೆ ಬೇಯಿಸಿದ ಹಾಗೆ ಇದಕ್ಕೆ ಬೇಯಿಸಬಾರದು. ಪಲ್ಯದಲ್ಲಿ ಅಲ್ಲಲ್ಲಿ ಹೋಳು ಸಿಕ್ಕರೆ ಚೆನ್ನ, ತುಸು ನೀರು ಉಳಿದರೂ ನಡೆಯುತ್ತದೆ. ಇಲ್ಲಿ ಎರಡೂ ಸಲ್ಲದು.

ಮೊದಲು ಗಡ್ಡೆ ಆರಿಸೋಣ. ಉಗುರಿನಿಂದ ಕೆರೆದರೆ ಸಿಪ್ಪೆ ಏಳುವ ಹೊಸ ಗಡ್ಡೆಯಲ್ಲಿ ನೀರು ಹೆಚ್ಚು. ಸಿಪ್ಪೆ ಬಲಿತು ಒಣಗಿದ, ಬೆಂದ ಮೇಲೆ ಹಿಟ್ಟುಹಿಟ್ಟಾಗಿ ಒಡೆಯುವ ಗಡ್ಡೆ ಇದಕ್ಕೆ ಒಳ್ಳೆಯದು. ಫ್ರಿಜ್ಜಿನಲ್ಲಿ ಇಟ್ಟದ್ದು ಬೇಡ. ತಣ್ಣಗಿನ ಜಾಗದಲ್ಲಿ ಗಡ್ಡೆಯ ಪಿಷ್ಟ ಸಕ್ಕರೆಯಾಗಿ ರುಚಿ ಸಿಹಿಯಾಗುತ್ತದೆ. ಹಸಿರು ತಿರುಗಿದ್ದನ್ನು ತೆಗೆದುಕೊಳ್ಳಲೇಬೇಡಿ.

ಅರ್ಧ ಕಿಲೋ ಗಡ್ಡೆಯ ಸಿಪ್ಪೆ ತೆಗೆದು ದಪ್ಪ ಹೋಳು ಮಾಡಿ, ಒಮ್ಮೆ ತೊಳೆಯಿರಿ. ಹೋಳುಗಳೆಲ್ಲ ಒಂದೇ ಗಾತ್ರದಲ್ಲಿರಲಿ, ಇಲ್ಲದಿದ್ದರೆ ಸಣ್ಣದು ಕರಗಿ ದೊಡ್ಡದು ಗಟ್ಟಿಯಾಗಿ ಉಳಿಯುತ್ತದೆ. ಕುಕ್ಕರಿನ ತಳಕ್ಕೆ ಎರಡು ಲೋಟ ನೀರು ಹಾಕಿ, ತೂತಿರುವ ತಟ್ಟೆಯನ್ನು ನೀರಿಗಿಂತ ಮೇಲೆ ನಿಲ್ಲುವಂತೆ ಇಟ್ಟು, ಅದರ ಮೇಲೆ ಹೋಳು ಹರಡಿ ಉಪ್ಪು ಉದುರಿಸಿ. ಹೋಳು ನೀರಿನಲ್ಲಿ ಮುಳುಗಬಾರದು, ಹಬೆಯಲ್ಲೇ ಬೇಯಬೇಕು. ಮಧ್ಯಮ ಉರಿಯಲ್ಲಿ 3 ಕೂಗು ಬಂದರೆ ಸಾಕು. ಹಬೆ ತಾನಾಗಿ ಇಳಿಯುವವರೆಗೆ ಕಾಯಿರಿ, ವೆಯ್ಟ್ ಎತ್ತಿ ಅವಸರ ಮಾಡಬೇಡಿ. ಚಾಕು ತಡೆಯಿಲ್ಲದೆ ಇಳಿದರೆ ಬೆಂದಿದೆ. ತಡೆದರೆ ಇನ್ನೊಂದು ಕೂಗು.

ನೀರಿನ ಬಗ್ಗೆ ಇಷ್ಟು ಒತ್ತಿ ಹೇಳುವುದಕ್ಕೆ ಕಾರಣವಿದೆ. ಆಲೂಗಡ್ಡೆಯ ತೂಕದಲ್ಲಿ ನೂರಕ್ಕೆ ಸುಮಾರು 80 ಭಾಗ ನೀರೇ. ಮೇಲಿನಿಂದ ಇನ್ನಷ್ಟು ಸೇರಿದರೆ ಬೆಣ್ಣೆಗೂ ಹಾಲಿಗೂ ಜಾಗವೇ ಉಳಿಯುವುದಿಲ್ಲ. ಆದ್ದರಿಂದ ಬೆಂದ ಹೋಳುಗಳನ್ನು ಒಣ ಬಾಣಲೆಗೆ ಹಾಕಿ ಸಣ್ಣ ಉರಿಯಲ್ಲಿ ಒಂದೆರಡು ನಿಮಿಷ ಮೆಲ್ಲಗೆ ಆಡಿಸಿ. ಹಬೆ ಎದ್ದು ಹೋಗಿ ಹೋಳಿನ ಅಂಚು ಬೆಳ್ಳಗೆ ಪುಡಿಯಾದಂತೆ ಕಾಣುತ್ತದೆ. ಹೆಚ್ಚಿನವರು ಬಿಟ್ಟುಬಿಡುವ ಹಂತ ಇದು. ರುಚಿಯ ಅರ್ಧ ಇಲ್ಲೇ ಇದೆ ಎಂಬುದು ನನ್ನ ನಂಬಿಕೆ.

ಇನ್ನು ಹಿಸುಕುವುದು. ಮಿಕ್ಸಿಯನ್ನು ಹತ್ತಿರವೂ ತರಬೇಡಿ. ಗಡ್ಡೆಯ ಒಳಗೆಲ್ಲ ಕಣ್ಣಿಗೆ ಕಾಣದಷ್ಟು ಸಣ್ಣ ಕೋಶಗಳು, ಅವುಗಳಲ್ಲಿ ಪಿಷ್ಟ. ಬೆಂದಾಗ ಪಿಷ್ಟ ನೀರು ಹೀರಿ ಊದಿಕೊಳ್ಳುತ್ತದೆ, ಕೋಶಗಳನ್ನು ಹಿಡಿದಿಟ್ಟ ಅಂಟು ಸಡಿಲವಾಗುತ್ತದೆ. ಆಗ ಕೋಶಗಳು ಒಡೆಯದೆ ಒಂದರಿಂದೊಂದು ಬಿಡಿಸಿಕೊಂಡರೆ ನುಣುಪು ಬರುತ್ತದೆ. ಮಿಕ್ಸಿಯ ಬ್ಲೇಡು ಅವನ್ನು ಕತ್ತರಿಸಿ ಪಿಷ್ಟವನ್ನು ಹೊರಗೆ ಚೆಲ್ಲಿಸುವುದರಿಂದ ಎಲ್ಲವೂ ಗೋಂದಿನಂತೆ ಎಳೆಯತೊಡಗುತ್ತದೆ. ಹಾಗಾದ ಮೇಲೆ ಸರಿಪಡಿಸುವ ದಾರಿಯಿಲ್ಲ. ಬಿಸಿಯಿರುವಾಗಲೇ ಮ್ಯಾಷರಿನಿಂದ ಮೇಲಿನಿಂದ ಕೆಳಕ್ಕೆ ಒತ್ತಿ. ಇನ್ನೂ ನುಣ್ಣಗೆ ಬೇಕಿದ್ದರೆ ಗಟ್ಟಿ ತಂತಿಯ ಜರಡಿಯ ಮೇಲೆ ಹಾಕಿ ಸೌಟಿನ ಬೆನ್ನಿನಿಂದ ಒತ್ತಿ ಇಳಿಸಿ. ಕೈ ನೋಯುತ್ತದೆ, ಆದರೂ ಮಾಡಿ ನೋಡಿ.

ಈಗ ಬೆಣ್ಣೆ, 60ರಿಂದ 75 ಗ್ರಾಂ. ಹಾಲಿಗಿಂತ ಮೊದಲು ಇದೇ ಬೀಳಬೇಕು. ಜಿಡ್ಡು ಪಿಷ್ಟಕ್ಕೆ ಹತ್ತಿಕೊಂಡರೆ ಆಮೇಲೆ ಅಂಟು ಕಡಿಮೆ. ಈ ಅಡುಗೆಯಿಂದಲೇ ಹೆಸರಾದ ಫ್ರಾನ್ಸಿನ ಬಾಣಸಿಗ ಜೋಯಲ್ ರೊಬುಶೋನ್ ಬೆಣ್ಣೆಗೆ ಕೈ ಹಿಡಿದವರೇ ಅಲ್ಲ. ಮನೆಯಲ್ಲಿ ಕಡೆದ ಬೆಣ್ಣೆ ಇದ್ದರೆ ಅದೇ ಹಾಕಿ. ಪೊಟ್ಟಣದ ಬೆಣ್ಣೆಯಲ್ಲಿ ಉಪ್ಪಿರುವುದು ಸಾಮಾನ್ಯ, ರುಚಿ ನೋಡಿ ಉಪ್ಪು ಸೇರಿಸಿ. ತುಪ್ಪ ಬೇಡ, ಅದರ ಘಮವೇ ಮೇಲಾಗಿ ಗಡ್ಡೆಯ ರುಚಿ ಅಡಗುತ್ತದೆ. ಕೊನೆಗೆ ಅರ್ಧ ಲೋಟದಷ್ಟು ಬಿಸಿ ಹಾಲನ್ನು ಸ್ವಲ್ಪ ಸ್ವಲ್ಪವೇ ಹಾಕುತ್ತ ಸೌಟಿನಿಂದ ತಿರುವಿ. ಸೌಟು ಎತ್ತಿದಾಗ ಮುದ್ದೆಯಾಗಿ ಬೀಳದೆ ನಿಧಾನವಾಗಿ ಜಾರಿದರೆ ಅಲ್ಲಿಗೆ ನಿಲ್ಲಿಸಿ. ಹಾಲು ಮಿಕ್ಕಿದರೆ ಮಿಗಲಿ. ಮೇಲೆ ಕಾಳುಮೆಣಸಿನ ಪುಡಿ ಉದುರಿಸಿ ಬಿಸಿಯಾಗಿಯೇ ಬಡಿಸಿ.

ಉಳಿದದ್ದು ಫ್ರಿಜ್ಜಿನಲ್ಲಿ ಗಟ್ಟಿಯಾಗುತ್ತದೆ. ಮರುದಿನ ಎರಡು ಚಮಚ ಹಾಲು ಹಾಕಿ ಸಣ್ಣ ಉರಿಯಲ್ಲಿ ಬಿಸಿ ಮಾಡಿ, ಅಥವಾ ಹಸಿಮೆಣಸು, ಕೊತ್ತಂಬರಿ ಸೊಪ್ಪಿನ ಜೊತೆ ಚಪಾತಿ ಹಿಟ್ಟಿಗೆ ಕಲಸಿ. ಆ ಹಿಟ್ಟಿಗೆ ಬೇರೆ ನೀರು ಹೆಚ್ಚು ಬೇಕಾಗುವುದಿಲ್ಲ, ಚಪಾತಿ ಸಂಜೆಯವರೆಗೂ ಮೆತ್ತಗಿರುತ್ತದೆ.